ಗುಡ್ಡವಿಲ್ಲದ ಎತ್ತರದಲ್ಲಿ ಮೂರು ದಿನ

ಎತ್ತರದ ಊರಿಗೆ ಹೋಗಿ ಮೂರು ದಿನ ಇದ್ದು ಬರೋಣ ಅಂದರೆ ನಮ್ಮ ಮನೆಯಲ್ಲಿ ಜಗಳ ಶುರು. ನಮ್ಮವರು ಮೈಸೂರಿನವರು. ಅವರ ಲೆಕ್ಕದಲ್ಲಿ ಎತ್ತರ ಅಂದರೆ ಮಡಿಕೇರಿ, ಊಟಿ, ಚಿಕ್ಕಮಗಳೂರು. ಮಂಜು ಬೀಳಬೇಕು, ಕಾಫಿ ತೋಟ ಇರಬೇಕು, ಹೇರ್‌ಪಿನ್ ತಿರುವಿನಲ್ಲಿ ಮನೆಯವರಲ್ಲಿ ಒಬ್ಬರಿಗಾದರೂ ವಾಂತಿ ಆಗಬೇಕು. ನಾನು ಹುಮನಾಬಾದ್ ಕಡೆಯವಳು. ನಮ್ಮೂರೂ ಎತ್ತರದಲ್ಲೇ ಇದೆ ಅಂತ ಮದುವೆಯಾಗಿ ಏಳು ವರ್ಷದಿಂದ ಹೇಳ್ತಾ ಇದ್ದೀನಿ, ಯಾರೂ ನಂಬಿರಲಿಲ್ಲ. ಬಸವಕಲ್ಯಾಣ, ಹುಮನಾಬಾದ್ ಎರಡೂ ಸಮುದ್ರಮಟ್ಟದಿಂದ 2,000 ಅಡಿಗೂ ಮೇಲಿವೆ, ಬೀದರ್ ಇನ್ನೂ ಸ್ವಲ್ಪ ಮೇಲೆ. ಆದರೆ ಈ ಎತ್ತರ ಕಣ್ಣಿಗೆ ಕಾಣೋದಿಲ್ಲ. ಏರಿ ಬಂದದ್ದೂ ಗೊತ್ತಾಗದ ಹಾಗೆ ಏರಿ ಬಂದು, ಮೇಲೆ ಒಂದು ದೊಡ್ಡ ಹಾಸುಗಲ್ಲಿನ ಮೇಲೆ ಇಟ್ಟ ಹಾಗೆ ಊರುಗಳು. ಗುಡ್ಡ ಹುಡುಕಿಕೊಂಡು ಬಂದವರಿಗೆ ಸಿಗೋದು ಆಕಾಶ.

ಈ ಸಲ ಜಗಳದಲ್ಲಿ ನಾನು ಗೆದ್ದದ್ದು ವಾದದಿಂದ ಅಲ್ಲ, ಅತ್ತೆಯ ಮಂಡಿಯಿಂದ. ಅವರಿಗೆ 64 ವರ್ಷ, ಡಿಸೆಂಬರಿನಲ್ಲಿ ಬಲಗಾಲಿನ ಮಂಡಿ ಚಿಪ್ಪು ಬದಲಿಸೋ ಆಪರೇಷನ್ ಇದೆ. ಅದಕ್ಕೆ ಮುಂಚೆ ಎಲ್ಲಾದರೂ ಕರ್ಕೊಂಡು ಹೋಗಿ, ಆದರೆ ಹತ್ತಿಸಬೇಡಿ ಅಂದರು. ನಾವಿರೋದು ಹೈದರಾಬಾದಿನಲ್ಲಿ. ಅಲ್ಲಿಂದ ಮಡಿಕೇರಿಗೆ ಹೋಗಿ ಬರೋದರಲ್ಲೇ ಎರಡು ದಿನ ಹೋಗುತ್ತೆ. ಹುಮನಾಬಾದಿಗೆ ರಾಷ್ಟ್ರೀಯ ಹೆದ್ದಾರಿ 65ರಲ್ಲಿ ಜಹೀರಾಬಾದ್ ದಾಟಿದರೆ, ಮಧ್ಯೆ ಚಹಾ ಕುಡಿದರೂ ಮೂರೂವರೆ ಗಂಟೆ. ಕಾರಿಲ್ಲದವರಿಗೆ ಬೀದರ್–ಕಲಬುರಗಿ ರೈಲು ಇದೆ. 2017ರ ಅಕ್ಟೋಬರಿನಲ್ಲಿ ಶುರುವಾದ ಆ ಮಾರ್ಗ ಹುಮನಾಬಾದ್ ಮೇಲೆಯೇ ಹಾದುಹೋಗುತ್ತೆ. ನಾನು ಕಾಲೇಜಿಗೆ ಹೋಗುವಾಗ ಅದು ಇದ್ದಿದ್ದರೆ ನನ್ನ ಬೆನ್ನು ಈಗ ಇಷ್ಟು ನೋಯುತ್ತಿರಲಿಲ್ಲ.

ಹೋದ ತಿಂಗಳ ಅಂಕಣ ಓದಿದ ಕಲಬುರಗಿಯ ಓದುಗರೊಬ್ಬರು ಕೇಳಿದ್ದರು: ವಯಸ್ಸಾದವರು, ಸಣ್ಣ ಮಕ್ಕಳು ಇಬ್ಬರೂ ಇರುವಾಗ ನಿಸರ್ಗ ನೋಡೋಕೆ ಹೋಗೋ ಪ್ರವಾಸನ ಹೇಗೆ ಯೋಜಿಸೋದು? ಒಂದೇ ಕಡೆ ಉಳಿಯಬೇಕು, ದಿನಾ ಹೋಗಿ ರಾತ್ರಿಗೆ ವಾಪಸ್ ಬರಬೇಕು. ಅವರಿಗೆ ಉತ್ತರ ಬರೆಯೋಕೆ ಕೂತಾಗಲೇ ನಮ್ಮ ಪ್ರವಾಸನೂ ಮುಗಿದಿತ್ತು. ಹಾಗಾಗಿ ಈ ಸಲ ಅದನ್ನೇ ಹೇಳ್ತೀನಿ.

ಮೊದಲು ಕಾಲ. ಮಾರ್ಚಿನಿಂದ ಮೇವರೆಗೆ ನಮ್ಮ ಕಡೆ ಬರಬೇಡಿ, ನಾವೇ ಮನೆಯಿಂದ ಹೊರಗೆ ಬರಲ್ಲ. ಮಳೆಗಾಲ ಚೆನ್ನ, ಆದರೆ ಹೊಲದ ದಾರಿಯ ಎರಿ ಮಣ್ಣು, ಅಂದರೆ ಕಪ್ಪು ಮಣ್ಣು, ಒಂದು ಮಳೆಗೆ ಕಾರಿನ ಚಕ್ರ ಹಿಡಿದು ಕೂರುತ್ತೆ. ದಸರಾದಿಂದ ಜನವರಿ ಕೊನೆಯವರೆಗೆ ಒಳ್ಳೇದು. ನಾವು ಹೋದದ್ದು ದಸರಾ ಮುಗಿದು ದೀಪಾವಳಿಗೆ ಮುಂಚೆ, ಸೀಗಿ ಹುಣ್ಣಿಮೆಯ ಆಸುಪಾಸಿಗೆ. ಕೆರೆಯಲ್ಲಿ ನೀರಿರುತ್ತೆ, ಹುಲ್ಲು ಹಳದಿ ತಿರುಗಿರುತ್ತೆ, ತೊಗರಿ ಆಳೆತ್ತರ ನಿಂತಿರುತ್ತೆ, ರಸ್ತೆ ಪಕ್ಕ ಬುಟ್ಟಿಯಲ್ಲಿ ಸೀತಾಫಲ ಇರುತ್ತೆ. ಇನ್ನೇನು ಬೇಕು? ಹುಣ್ಣಿಮೆಯ ದಿನ ಆರಿಸಿಕೊಂಡದ್ದಕ್ಕೆ ಬೇರೆ ಕಾರಣ ಇತ್ತು. ಅದು ಒಂಬೈನೂರು ವರ್ಷ ಹಳೆಯದು.

ಬಸವಕಲ್ಯಾಣ ಅಂದರೆ ಹಳೆಯ ಕಲ್ಯಾಣ, ಚಾಲುಕ್ಯರ ರಾಜಧಾನಿ. ಅಲ್ಲಿ 12ನೇ ಶತಮಾನದ ಮೊದಲರ್ಧದಲ್ಲಿ ಆಳಿದ ಮೂರನೆಯ ಸೋಮೇಶ್ವರ ‘ಮಾನಸೋಲ್ಲಾಸ’ ಅನ್ನೋ ಸಂಸ್ಕೃತ ಗ್ರಂಥ ಬರೆದ. ಐದು ಭಾಗ, ಒಂದೊಂದರಲ್ಲೂ ಇಪ್ಪತ್ತು ಅಧ್ಯಾಯ. ರಾಜ್ಯಭಾರ, ಅಡುಗೆ, ಆನೆ, ಕುದುರೆ, ಸಂಗೀತ, ಮೀನು ಹಿಡಿಯೋದು, ಎಲ್ಲಾ ಇವೆ. ಕೊನೇ ಭಾಗ ಕ್ರೀಡೆಗಳದ್ದು. ಅದರ ಪಟ್ಟಿ ನೋಡಿ ನಾನು ನಕ್ಕೆ. ಭೂಧರ ಕ್ರೀಡೆ, ಅಂದರೆ ಬೆಟ್ಟದಲ್ಲಿ. ವನ ಕ್ರೀಡೆ, ತೋಪಿನಲ್ಲಿ. ಜಲ ಕ್ರೀಡೆ. ಶಾದ್ವಲ ಕ್ರೀಡೆ, ಹಸಿರು ಹುಲ್ಲಿನ ಬಯಲಲ್ಲಿ. ಜ್ಯೋತ್ಸ್ನಾ ಕ್ರೀಡೆ, ಬೆಳದಿಂಗಳಲ್ಲಿ. ಸಸ್ಯ ಕ್ರೀಡೆ, ಬೆಳೆ ನಿಂತ ಹೊಲದಲ್ಲಿ. ನಮ್ಮ ಊರಿಂದ ಮೂವತ್ತು ಕಿಲೋಮೀಟರಿನಲ್ಲಿ ಕೂತು ಒಬ್ಬ ರಾಜ ಒಂದು ದಿನದ ಹೊರಸಂಚಾರಗಳನ್ನ ಜಾಗದ ಹೆಸರಿಂದ ವಿಂಗಡಿಸಿಲ್ಲ, ನೆಲದ ಬಗೆಯಿಂದ ವಿಂಗಡಿಸಿದ್ದಾನೆ. ಆಫೀಸಿನಲ್ಲಿ ಇದನ್ನ ಒಳ್ಳೇ ಡಿಸೈನ್ ಅಂತ ಹೇಳ್ತೀವಿ. ‘ನೋಡಲೇಬೇಕಾದ 15 ಸ್ಥಳಗಳು’ ಅನ್ನೋ ಪಟ್ಟಿ ಹಿಡಿದು ಹೊರಟರೆ ಹದಿನೈದು ಕಡೆ ಚಪ್ಪಲಿ ಬಿಟ್ಟು, ಹದಿನೈದು ಕಡೆ ಫೋಟೋ ತೆಗೆದು ಬರ್ತೀವಿ. ದಿನಕ್ಕೆ ಒಂದು ಬಗೆಯ ನೆಲ ಅಂತ ಇಟ್ಟುಕೊಂಡರೆ ಕೂರೋಕೆ ಪುರುಸೊತ್ತು ಸಿಗುತ್ತೆ. ಅತ್ತೆಗೆ ಬೇಕಾದದ್ದೂ ಅದೇ.

ನಾನು ಎಕ್ಸೆಲ್ ಶೀಟ್ ಮಾಡಿದೆ. ನಮ್ಮವರು ಇದನ್ನ ಇನ್ನೂ ಹೇಳಿ ನಗ್ತಾರೆ. ಒಂದು ಕಾಲಂ ದೂರಕ್ಕೆ, ಒಂದು ನೆರಳಿಗೆ, ಒಂದು ಮೆಟ್ಟಿಲಿಗೆ, ಒಂದು ಶೌಚಾಲಯಕ್ಕೆ. ಕೊನೇದನ್ನ ಯಾವ ಪ್ರವಾಸಿ ಪುಸ್ತಕವೂ ಬರೆಯಲ್ಲ. ಕೆರೆ ದಂಡೆಯಲ್ಲಿ, ಹುಲ್ಲುಗಾವಲಲ್ಲಿ ಇರೋದಿಲ್ಲ; ಹೆದ್ದಾರಿಯ ಪೆಟ್ರೋಲ್ ಬಂಕು, ದೊಡ್ಡ ಗುಡಿಗಳ ಯಾತ್ರಿನಿವಾಸ, ಇಲ್ಲ ಪರಿಚಯದವರ ಮನೆ. ಇದನ್ನ ಗುರುತು ಹಾಕಿಕೊಂಡು ಅದರ ಸುತ್ತ ದಿನ ಕಟ್ಟಬೇಕು. ಇಲ್ಲದಿದ್ದರೆ ಮನೆಯ ಹೆಂಗಸರು ಬೆಳಗ್ಗೆಯಿಂದ ನೀರು ಕುಡಿಯೋದೇ ಬಿಡ್ತಾರೆ, ಮಧ್ಯಾಹ್ನಕ್ಕೆ ತಲೆನೋವು ಅಂತಾರೆ, ಬಿಸಿಲಿಗೆ ಅಂತ ಎಲ್ಲರೂ ಅಂದುಕೊಳ್ತಾರೆ. ನಿಮ್ಮ ಮನೆಯಲ್ಲೂ ಹೀಗೇ ಇರಬಹುದು, ಕೇಳಿ ನೋಡಿ.

ಮೊದಲ ದಿನ ನೀರು. ಹುಮನಾಬಾದಿನಿಂದ ಹತ್ತು ಕಿಲೋಮೀಟರಿನ ಆಸುಪಾಸಲ್ಲಿ ಜಲಸಂಗಿ. ಕೆರೆ ದಂಡೆಗೆ ಚಾಲುಕ್ಯರ ಕಾಲದ ಈಶ್ವರ ಗುಡಿ. ಹೊರಗೋಡೆಯ ತುಂಬಾ ಶಿಲಾಬಾಲಿಕೆಯರು, ಅವರಲ್ಲಿ ಒಬ್ಬಳು ಕಲ್ಲಿನ ಮೇಲೆ ಶಾಸನ ಬರೆಯುತ್ತಾ ನಿಂತಿದ್ದಾಳೆ. ಬೇರೆ ಹುಡುಗಿಯರು ಕನ್ನಡಿ ನೋಡ್ತಿರುವಾಗ, ಕಾಲಿನ ಮುಳ್ಳು ತೆಗೀತಿರುವಾಗ ಇವಳು ಆರನೆಯ ವಿಕ್ರಮಾದಿತ್ಯನ ಹೊಗಳಿಕೆ ಬರೀತಾ ಇದ್ದಾಳೆ. ಬೆನ್ನು ನಮ್ಮ ಕಡೆ. ಕೆಲಸದಲ್ಲಿರೋ ಹೆಂಗಸಿನ ಬೆನ್ನು ಅದು. ‘ಡೆಡ್‌ಲೈನ್ ಇದೆ, ಆಮೇಲೆ ಬನ್ನಿ’ ಅನ್ನೋ ಹಾಗೆ. ನನಗಂತೂ ಇಡೀ ಜಿಲ್ಲೆಯಲ್ಲಿ ಅವಳೇ ಇಷ್ಟ.

ಆದರೆ ನಾವು ಹೋದದ್ದು ಕೆರೆಗೆ. ಬೆಳಗ್ಗೆ ಆರೂವರೆಗೆ ಅಲ್ಲಿದ್ದೆವು. ಅತ್ತೆಗೆ ಮಡಚೋ ಕುರ್ಚಿ ತಗೊಂಡು ಹೋಗಿದ್ವಿ. ಈ ಪ್ರವಾಸದಲ್ಲಿ ನಾವು ಖರ್ಚು ಮಾಡಿದ ಅತ್ಯಂತ ಬೆಲೆಬಾಳುವ ದುಡ್ಡು ಅದು. ಕುರ್ಚಿ ಇದ್ದರೆ ವಯಸ್ಸಾದವರು ‘ನೀವು ಹೋಗಿ ಬನ್ನಿ, ನಾನು ಕಾರಲ್ಲಿರ್ತೀನಿ’ ಅನ್ನಲ್ಲ. ನಾವು ಗುಡಿ ಸುತ್ತಿ ಬರೋ ಅಷ್ಟರಲ್ಲಿ ಅವರು ಮೊಮ್ಮಗಳನ್ನ ಪಕ್ಕ ಕೂರಿಸಿಕೊಂಡು ನಾಲ್ಕು ಬಗೆ ಹಕ್ಕಿ ಎಣಿಸಿಟ್ಟಿದ್ದರು: ಬೆಳ್ಳಕ್ಕಿ, ನೀರುಕಾಗೆ, ಮಿಂಚುಳ್ಳಿ, ಆಮೇಲೆ ಹೆಸರು ಗೊತ್ತಿಲ್ಲದ, ಮುಳುಗಿ ಮುಳುಗಿ ಏಳೋ ಪುಟ್ಟ ಬಾತು. ಅದು ಗುಳುಮುಳುಕ ಅಂದೆ. ಮಗಳು ಇಡೀ ದಿನ ಅದೇ ಹೆಸರು ಹೇಳಿಕೊಂಡು ಓಡಾಡಿದಳು.

ಇಲ್ಲಿ ನೀರಿನ ಬಗ್ಗೆ ಒಂದು ಮಾತು ಹೇಳಬೇಕು, ಹೇಳಿದರೆ ಈ ಎತ್ತರ ಅರ್ಥವಾಗುತ್ತೆ. ಬೀದರ್, ಹುಮನಾಬಾದ್ ಕಡೆ ಮೇಲ್ಪದರ ಕೆಂಪು ಜಂಬಿಟ್ಟಿಗೆ ಕಲ್ಲು, ಸಣ್ಣ ಸಣ್ಣ ತೂತುಗಳ ಕಲ್ಲು. ಅದರ ಕೆಳಗೆ ದಖ್ಖನದ ಕಪ್ಪು ಕಲ್ಲು. ಮಳೆ ನೀರು ಕೆಂಪು ಕಲ್ಲಲ್ಲಿ ಸ್ಪಂಜಿನ ಹಾಗೆ ಇಳಿಯುತ್ತೆ, ಕಪ್ಪು ಕಲ್ಲಿಗೆ ಬಂದಾಗ ಮುಂದೆ ದಾರಿಯಿಲ್ಲದೆ ಅಡ್ಡ ಹರಿದು, ಎತ್ತರದ ನೆಲದ ಅಂಚಿನಲ್ಲಿ ಝರಿಯಾಗಿ ಹೊರಬೀಳುತ್ತೆ. ಬೀದರಿನ ನಾನಕ್ ಝೀರಾ, ಝರಣಿ ನರಸಿಂಹ, ಪಾಪನಾಶ ಎಲ್ಲಾ ಇಂಥ ನೀರಿನ ಸುತ್ತ ಬೆಳೆದ ಜಾಗಗಳು. ಬಹಮನಿ ಕಾಲದವರು ನೌಬಾದಿನಲ್ಲಿ ನೆಲದೊಳಗೆ ಸುರಂಗ ಕೊರೆದು, ಮೇಲಿಂದ ಸಾಲು ಬಾವಿ ಇಳಿಸಿ ಕರೇಜ್ ಮಾಡಿದ್ದೂ ಇದೇ ನೀರನ್ನ ಊರಿಗೆ ತರೋಕೆ. ಪಂಪಿಲ್ಲ, ಕರೆಂಟಿಲ್ಲ, ಇಳಿಜಾರು ಒಂದೇ. ಈಗ ಇದೇ ಸ್ಪಂಜಿನ ಮೇಲೆ ಬಡಾವಣೆಗಳು ಬರ್ತಾ ಇವೆ. ಕೊರೆಸಿದ ಬೋರು ಒಣಗಿತು ಅಂತ ಪಕ್ಕದಲ್ಲೇ ಇನ್ನೊಂದು ಕೊರೆಸ್ತಾ ಇದ್ದಾರೆ.

ಮಧ್ಯಾಹ್ನ ಮಾಣಿಕನಗರಕ್ಕೆ ಹೋಗಿ ಮಾಣಿಕಪ್ರಭುಗಳ ಗುಡಿಯಲ್ಲಿ ಸ್ವಲ್ಪ ಹೊತ್ತು ಕೂತು ಮನೆಗೆ ಬಂದೆವು. ಡಿಸೆಂಬರಿನಲ್ಲಿ ದತ್ತ ಜಯಂತಿಯ ಹೊತ್ತಿಗೆ ಅಲ್ಲಿ ಜಾತ್ರೆ. ಶಾಂತಿ ಬೇಕಾದವರು ಆಗ ಹೋಗಬೇಡಿ, ಜನ ಬೇಕಾದವರು ಆಗಲೇ ಹೋಗಿ. ಹನ್ನೆರಡರಿಂದ ನಾಲ್ಕರವರೆಗೆ ಯಾರೂ ಹೊರಗಿರಬಾರದು ಅನ್ನೋದು ನನ್ನ ಶೀಟಿನ ಮೊದಲ ನಿಯಮ. ಅಕ್ಟೋಬರಿನಲ್ಲೂ ನಮ್ಮ ಬಿಸಿಲು ಬಿಸಿಲೇ.

ಎರಡನೇ ದಿನ ಕಲ್ಯಾಣ. ಹೆದ್ದಾರಿಯಲ್ಲಿ ಸಸ್ತಾಪುರ ಬಂಗ್ಲಾ ಹತ್ತಿರ ಒಳಗೆ ತಿರುಗಬೇಕು. ಬಸವಕಲ್ಯಾಣ ಅಂದರೆ ಎಲ್ಲರೂ 108 ಅಡಿ ಬಸವಣ್ಣನ ಮೂರ್ತಿಯಿಂದ ಶುರು ಮಾಡ್ತಾರೆ. ನಾವು ತ್ರಿಪುರಾಂತ ಕೆರೆಯಿಂದ ಶುರು ಮಾಡಿದೆವು. ಬೆಳಗಿನ ಕೆರೆ ಚೆನ್ನ, ಆದರೆ ದಂಡೆಯ ಮೇಲೆ ಪ್ಲಾಸ್ಟಿಕ್ಕೂ ಇದೆ, ಅದನ್ನ ಹೇಳದೆ ಬಿಡಲಾರೆ. ಅದರ ಆಸುಪಾಸಲ್ಲಿ ಶರಣರ ಹೆಸರಿನ ಗವಿಗಳಿವೆ. ಅಕ್ಕ ನಾಗಮ್ಮನ ಗವಿಗೆ ಅತ್ತೆ ತಾವೇ ಇಳಿದು ಬಂದರು, ನಾನು ಬೇಡ ಅಂದರೂ. ಬಸವಣ್ಣನವರ ಅಕ್ಕ, ಚನ್ನಬಸವಣ್ಣನ ತಾಯಿ. ‘ತಮ್ಮನ್ನೂ ನೋಡ್ಕೊಂಡು ಮಗನ್ನೂ ಸಾಕಿದವಳು, ಅವಳನ್ನ ನೋಡೋಕೆ ನಾಲ್ಕು ಮೆಟ್ಟಿಲಿಳಿಯೋಕಾಗಲ್ವೇನೇ’ ಅಂದರು. ಗವಿಯೊಳಗಿನ ತಂಪು ಬೇಸಿಗೆಯಲ್ಲಿ ಹೇಗಿರುತ್ತೆ ಅಂತ ಊಹಿಸಿಕೊಳ್ಳಿ. ಈ ಬಿಸಿಲು ನೆಲದಲ್ಲಿ ಧ್ಯಾನಕ್ಕೆ ಕೂರುವವರು ನೆಲದೊಳಕ್ಕೆ ಹೋದದ್ದರಲ್ಲಿ ವ್ಯವಹಾರಜ್ಞಾನವೂ ಇದೆ ಅಂತ ನನಗನಿಸಿತು.

ನಾರಾಯಣಪುರದ ಶಿವ ಗುಡಿ ಹತ್ತಿರವೇ ಇದೆ, ನೋಡಿದೆವು. ನೀರು ಇನ್ನೂ ಬೇಕು ಅನ್ನುವವರಿಗೆ ಮುಸ್ತಾಪುರದ ಹತ್ತಿರ ಚುಳಕಿನಾಲಾ ಜಲಾಶಯ ಇದೆ. ನಾವು ಕೋಟೆಯ ಹತ್ತಿರ ಸಂಜೆ ಕಳೆದೆವು. ಕತ್ತಲಾಗೋ ಮುಂಚೆ ಹೊರಗೆ ಬಂದು, ಊರ ಹೊರಗಿನ ಬಯಲಲ್ಲಿ ಕಾರು ನಿಲ್ಲಿಸಿ ಕಾದೆವು. ಪೂರ್ವಕ್ಕೆ ಅಡ್ಡ ಏನೂ ಇಲ್ಲ, ಮರ ಇಲ್ಲ, ಮನೆ ಇಲ್ಲ. ಹುಣ್ಣಿಮೆ ಚಂದ್ರ ತೊಗರಿ ಹೊಲದ ಅಂಚಿನಿಂದ ಸೀದಾ ಎದ್ದ, ತಾಮ್ರದ ಪರಾತದ ಹಾಗೆ. ನಮ್ಮವರು ಒಂದು ಮಾತೂ ಆಡಲಿಲ್ಲ. ಮೈಸೂರಿನವರು ಸುಮ್ಮನಿದ್ದಾರೆ ಅಂದರೆ ಒಪ್ಪಿದ್ದಾರೆ ಅಂತ ಅರ್ಥ. ಸೋಮೇಶ್ವರನ ಜ್ಯೋತ್ಸ್ನಾ ಕ್ರೀಡೆಯಲ್ಲಿ ಏನೇನು ಸಾಮಗ್ರಿ ಇತ್ತೋ. ನಮ್ಮಲ್ಲಿ ಖಡಕ್ ರೊಟ್ಟಿ, ಶೇಂಗಾ ಹಿಂಡಿ, ಗಟ್ಟಿ ಮೊಸರು ಇತ್ತು.

ವಾಪಸ್ ಬರುವಾಗ ಒಂದು ಎಚ್ಚರಿಕೆ. ಕಬ್ಬು ಕಡಿಯೋ ಕಾಲ ಶುರುವಾದ ಮೇಲೆ ಎರಡೆರಡು ಟ್ರಾಲಿ ಕಟ್ಟಿಕೊಂಡ ಟ್ರ್ಯಾಕ್ಟರುಗಳು ಹಿಂದೆ ದೀಪ ಇಲ್ಲದೆ ಹೋಗ್ತಿರ್ತವೆ. ಮ್ಯಾಪು ನಲವತ್ತು ನಿಮಿಷ ಅಂದರೆ ನೀವು ಒಂದು ಗಂಟೆ ಅಂದುಕೊಳ್ಳಿ. ನವೆಂಬರ್ ನಂತರ ಬರುವವರು ಬೆಳದಿಂಗಳನ್ನ ಉಳಿದುಕೊಂಡ ಊರಲ್ಲೇ ನೋಡಿ.

ಮೂರನೇ ದಿನಕ್ಕೆ ಶೀಟಿನಲ್ಲಿ ಮೂರು ಆಯ್ಕೆ ಇದ್ದವು. ಒಂದು, ಪಶ್ಚಿಮಕ್ಕೆ ಗಡಿ ದಾಟಿ ಉಮರ್ಗಾ ಮೇಲೆ ನಳದುರ್ಗ. ಬೋರಿ ನದಿಗೆ ಕೋಟೆಯೊಳಗೇ ಅಣೆಕಟ್ಟು, ಅದರ ಹೊಟ್ಟೆಯಲ್ಲಿ ಎರಡನೆಯ ಇಬ್ರಾಹಿಂ ಆದಿಲ್ ಶಾಹನ ಕಾಲದ ಪಾನಿ ಮಹಲ್; ನದಿ ತುಂಬಿದಾಗ ನೀವು ಒಳಗೆ ನಿಂತಿರುವಾಗ ನೀರು ಎದುರಿಗೆ ಪರದೆಯ ಹಾಗೆ ಬೀಳುತ್ತೆ. ಆದರೆ ಅದು ತುಂಬು ಮಳೆಗಾಲದ ಆಟ, ಮೆಟ್ಟಿಲೂ ಬಹಳ. ಇನ್ನೊಂದು, ದಕ್ಷಿಣಕ್ಕೆ ಚಿಂಚೋಳಿ ಕಾಡು. ಬಯಲುಸೀಮೆಯಲ್ಲಿ ಕಾಡೇ ಅಂತ ಕೇಳುವವರು ಹೋಗಿ ನೋಡಲೇಬೇಕು. 134 ಚದರ ಕಿಲೋಮೀಟರ್, 2011ರಲ್ಲಿ ವನ್ಯಜೀವಿ ಧಾಮ ಅಂತ ಘೋಷಣೆಯಾಯಿತು, ಒಳಗೆ ಚಂದ್ರಂಪಳ್ಳಿ ಜಲಾಶಯ, ಗೊಟ್ಟಂಗೊಟ್ಟ, ಲಂಬಾಣಿ ತಾಂಡಾಗಳು. ಅದಕ್ಕೆ ಒಂದು ಪೂರ್ತಿ ದಿನ ಬೇಕು, ಮೊದಲೇ ಅರಣ್ಯ ಇಲಾಖೆಯಲ್ಲಿ ವಿಚಾರಿಸಿ ಹೋಗಬೇಕು. ಅದನ್ನ ಇನ್ನೊಂದು ಸಲಕ್ಕೆ ಇಟ್ಟಿದ್ದೀನಿ.

ನಾವು ಆರಿಸಿದ್ದು ಮೂರನೇದು, ಹುಲ್ಲು. ಚಿಗರಿ ನೋಡೋಕೆ.

ಚಿಗರಿ ಅಂದರೆ ಕೃಷ್ಣಮೃಗ. ರಾಜ್ಯದಲ್ಲಿ ಇದಕ್ಕೆ ಹೆಸರಾದದ್ದು ರಾಣೆಬೆನ್ನೂರು, ಅಲ್ಲಿ ಅಭಯಾರಣ್ಯವೇ ಇದೆ. ಬೀದರ್ ಜಿಲ್ಲೆಯಲ್ಲೂ ಬೇಕಾದಷ್ಟಿವೆ. ಬೀದರ್ ಹತ್ತಿರ ವಿಲಾಸಪುರದಲ್ಲಿ ಜಂಗಲ್ ಲಾಡ್ಜಸ್‌ನವರ ರೆಸಾರ್ಟಿಗೆ ಇದರದೇ ಹೆಸರಿಟ್ಟಿದ್ದಾರೆ, ಹೊನ್ನಿಕೇರಿ ಕಾಡು ಪಕ್ಕದಲ್ಲೇ. ಪರಿಚಯದವರಿಲ್ಲದವರಿಗೆ ಅದೇ ಸರಿಯಾದ ದಾರಿ: ಬೆಳಗಿನ ಸಫಾರಿ, ಕೆರೆ, ಊಟ, ಶೌಚಾಲಯ ಎಲ್ಲಾ ಒಂದೇ ಕಡೆ. ನಮಗೆ ಕಾಕಾನ ಹೊಲ ಇತ್ತು.

ಕಾಕಾ ಅಂದರೆ ಅಪ್ಪನ ತಮ್ಮ. ಹುಮನಾಬಾದ್ ತಾಲ್ಲೂಕಿನ ಒಂದು ಹಳ್ಳಿ. ಹೆಸರು ಬರೆದರೆ ನಾಳೆ ಬೈಕುಗಳು ಬರ್ತವೆ, ಬರೆಯಲ್ಲ. ಕೆಳಗೆ ಐದು ಎಕರೆ ಎರಿ ಹೊಲ. ಮೇಲೆ ಮೂರು ಎಕರೆ ಮಡ್ಡಿ, ಅಂದರೆ ಕೆಂಪು ಕಲ್ಲಿನ ಹುಲ್ಲು ನೆಲ. ಅದಕ್ಕೆ ಹತ್ತಿಕೊಂಡು ಊರಿನ ಗೋಮಾಳ. ಆರು ಗಂಟೆಗೆ ಹೋದಾಗ ಕಾಕಾ ಮಂಚಿಗೆಯಿಂದ ಇಳಿದು ಬರ್ತಿದ್ದರು, ತಲೆಗೆ ಮಫ್ಲರ್, ಕೈಲಿ ಬ್ಯಾಟರಿ.

“ಬರ್ರಿ ಅಕ್ಕೋರ, ಬರ್ರಿ ಅಳ್ಯಾರ. ಏನ್ ನೋಡ್ಲಿಕ್ ಬಂದೀರಿ ಇಲ್ಲಿ, ಕಲ್ಲು ಹುಲ್ಲು?”

ಹೊಲದ ಸುತ್ತ ಹಳೇ ಸೀರೆಗಳು. ಗುಲಾಬಿ, ನೀಲಿ, ಜರಿ ಇರೋದೂ ಒಂದು. ಗೂಟ ನೆಟ್ಟು ಉದ್ದಕ್ಕೆ ಕಟ್ಟಿದ್ದಾರೆ, ಗಾಳಿಗೆ ಅಲ್ಲಾಡಿದರೆ ಚಿಗರಿ ಹೆದರಲಿ ಅಂತ. ಮಗಳಿಗೆ ಅದೇ ಜಾತ್ರೆ. ಅತ್ತೆ ಮಾತ್ರ ಒಂದು ಸೀರೆಯ ಅಂಚು ಹಿಡಿದು ನೋಡಿ, “ಇದು ಇಳಕಲ್ ಅಲ್ವೇ, ಇಷ್ಟು ಒಳ್ಳೇದನ್ನ…” ಅಂದರು. ಕಾಕಿಯ ಮದುವೆ ಸೀರೆ ಅದು. ಮನೆಯಲ್ಲಿದ್ದ ಹಳೇ ಸೀರೆ ಮುಗಿದ ಮೇಲೆ ಅದನ್ನೂ ಕಟ್ಟಿದ್ದಾರಂತೆ.

ಕುರ್ಚಿ ಹಾಕಿ ಬೇವಿನ ಮರದ ಕೆಳಗೆ ಕೂತೆವು. ಮಾತಾಡಬಾರದು, ಅವು ಬರೋ ಗಾಳಿಗೆ ಎದುರು ಕೂರಬೇಕು, ಕೆಂಪು ಬಟ್ಟೆ ಬಿಳಿ ಬಟ್ಟೆ ಬೇಡ, ಹತ್ತಿರ ಹೋಗೋಕೆ ಪ್ರಯತ್ನನೇ ಮಾಡಬಾರದು. ನೂರೈವತ್ತು ಮೀಟರಿನಿಂದ ದುರ್ಬೀನಿನಲ್ಲಿ ಚೆನ್ನಾಗಿ ಕಾಣುತ್ತೆ. ಅರ್ಧ ಗಂಟೆ ಬರೀ ಟಿಟ್ಟಿಭದ ಕೂಗು, ನೆಲಗುಬ್ಬಿಯ ಹಾರಾಟ. ಆಮೇಲೆ ಹುಲ್ಲೇ ಎದ್ದು ನಿಂತ ಹಾಗೆ ಹೆಣ್ಣು ಚಿಗರಿಗಳು, ಹನ್ನೊಂದು. ಅವುಗಳ ಹಿಂದೆ ಒಂದು ಗಂಡು. ಬೆನ್ನು ಕಪ್ಪು, ಹೊಟ್ಟೆ ಬಿಳಿ, ತಿರುಚಿದ ಕೊಂಬು ಹಿಂದಕ್ಕೆ ಚಾಚಿ, ಮೂಗು ಮೇಲೆತ್ತಿ, ಊರ ಗೌಡನ ಹಾಗೆ ನಡೆದು ಬಂತು. ಏನೋ ಸದ್ದಾಯಿತು. ಒಂದು ನೆಗೆಯಿತು, ಅದರ ಹಿಂದೆ ಇನ್ನೊಂದು, ಆಮೇಲೆ ಇಡೀ ಹಿಂಡು ನೆಲದ ಮೇಲೆ ಕಾಲಿಡೋದೇ ಇಲ್ಲವೇನೋ ಅನ್ನೋ ಹಾಗೆ ಹೋಯಿತು. ಅತ್ತೆ ಕುರ್ಚಿಯಿಂದ ಎದ್ದು ನಿಂತಿದ್ದರು. ಎದ್ದದ್ದು ಅವರಿಗೇ ಗೊತ್ತಿರಲಿಲ್ಲ.

“ನಿಮಗ ಚಂದ ಕಾಣ್ತಾವ,” ಅಂದರು ಕಾಕಾ. “ನನಗ ರಾತ್ರಿ ನಿದ್ದಿ ಇಲ್ಲ. ಬಿತ್ತಿದ ಕಡ್ಲಿ ಎರಡು ಎಲಿ ಬಿಟ್ಟಿತಂದ್ರ ಬಂದವೇ. ಬೆಳದಿಂಗಳ ಇದ್ರ ಅವಕ್ಕ ಹಗಲೇ. ಎರಡು ಎಕರೆದಾಗ ಅರ್ಧಾ ಮತ್ತ ಬಿತ್ತೀನಿ. ಹೊಡಿಯಂಗಿಲ್ಲ, ಹಿಡಿಯಂಗಿಲ್ಲ. ಹೊಡಿಲಿಕ್ಕ ಮನಸೂ ಬರಂಗಿಲ್ಲ, ಅದು ಬ್ಯಾರೆ ಮಾತು.”

ಹೊಡೆಯೋ ಹಾಗಿಲ್ಲ ಅನ್ನೋದು ನಿಜ. 1972ರ ವನ್ಯಜೀವಿ ಕಾಯ್ದೆಯ ಮೊದಲನೇ ಅನುಸೂಚಿಯಲ್ಲಿದೆ, ಹುಲಿ ಆನೆಗಳ ಜೊತೆಗೆ. ನಾವು ನಿನ್ನೆ ರಾತ್ರಿ ರೊಟ್ಟಿ ತಿನ್ನುತ್ತಾ ಹೊಗಳಿದ ಬೆಳದಿಂಗಳಿನಲ್ಲೇ ಕಾಕಾ ಬ್ಯಾಟರಿ ಹಿಡಿದು ಸುತ್ತು ಹಾಕುತ್ತಿದ್ದರು ಅಂತ ನನಗೆ ಆಗ ಹೊಳೆಯಿತು.

ಚಹಾ ಕುಡಿಯುವಾಗ ಇನ್ನೊಂದು ಸಂಗತಿ ಹೊರಬಂತು. ಮಡ್ಡಿಯನ್ನ ಕೇಳೋಕೆ ಒಬ್ಬರು ಬಂದಿದ್ದಾರೆ. ಹೆದ್ದಾರಿ ದೂರ ಇಲ್ಲ, ಪ್ಲಾಟು ಹಾಕ್ತಾರಂತೆ. ಬೆಳೆ ಬರದ ನೆಲ, ಮೂರು ಎಕರೆ, ಅವರು ಹೇಳಿದ ರೇಟು ಕೇಳಿ ನಮ್ಮವರು ಚಹಾ ಲೋಟ ಕೆಳಗಿಟ್ಟರು. ಕಾಕಾನ ಮಗಳು ಕಲಬುರಗಿಯಲ್ಲಿ ಫಾರ್ಮಸಿ ಓದ್ತಿದ್ದಾಳೆ, ಎರಡು ವರ್ಷದ ಫೀ ಬಾಕಿ ಇದೆ, ಹಾಸ್ಟೆಲ್ ಬೇರೆ.

ಸರ್ಕಾರಿ ಕಾಗದಗಳಲ್ಲಿ ಇಂಥ ಕುರುಚಲು ಹುಲ್ಲಿನ ನೆಲಕ್ಕೆ ಬಹಳ ಸಲ ಪಾಳು ಅಂತಲೇ ಹೆಸರು. ಕಾಡಿಗಿರೋ ಮರ್ಯಾದೆ ಅದಕ್ಕಿಲ್ಲ, ಹೊಲಕ್ಕಿರೋ ಬೆಲೆಯೂ ಇಲ್ಲ. ಸಸಿ ನೆಡೋರು ಅಲ್ಲೇ ನೆಡ್ತಾರೆ, ಸೋಲಾರ್ ಹಾಕೋರು ಅಲ್ಲೇ ಹಾಕ್ತಾರೆ, ಕಸ ಸುರಿಯೋರೂ ಅಲ್ಲೇ ಸುರೀತಾರೆ. ಅಲ್ಲಿ ಚಿಗರಿ ಮೇಯುತ್ತೆ, ತೋಳ ಮರಿ ಹಾಕುತ್ತೆ, ಗೌಜಲಹಕ್ಕಿ ಮೊಟ್ಟೆ ಇಡುತ್ತೆ, ಕುರಿಯವರು ಬೇಸಿಗೆ ಕಳೀತಾರೆ ಅನ್ನೋದು ಯಾವ ಕಾಲಮ್ಮಿನಲ್ಲೂ ಬರಲ್ಲ.

ನಮ್ಮವರು ಕೇಳಿದರು, “ಮಡ್ಡಿ ಮಾರಿದ್ರೆ ಚಿಗರಿ ಎಲ್ಲಿಗೆ ಹೋಗುತ್ವೆ?”

“ಎಲ್ಲಿ ಹೋಗ್ತಾವ್ರಿ ಅಳ್ಯಾರ, ಪೂರಾ ನನ್ನ ಎರಿ ಹೊಲಕ್ಕೇ ಬರ್ತಾವ. ಈಗ ಹುಲ್ಲು ಇದ್ದಷ್ಟು ದಿನ ಅಲ್ಲಿ ತಿಂತಾವ. ಹುಲ್ಲು ಹೋಯ್ತಂದ್ರ ಕಡ್ಲಿನೂ ಹೋಯ್ತು.” ಸ್ವಲ್ಪ ಹೊತ್ತು ಬಿಟ್ಟು, “ಅದಕ್ಕ ಮಾರಿಲ್ಲ ಇನ್ನಾ. ಆದ್ರ ಪೋರಿ ಫೀ ಚಿಗರಿ ಕಟ್ತಾವೇನು?”

ನಮ್ಮವರಿಗೆ ಉತ್ಸಾಹ ಬಂತು. ಹೀಗೆ ಬೆಳಗ್ಗೆ ಬಂದು ನೋಡಿ ಹೋಗೋ ಐದಾರು ಕುಟುಂಬಕ್ಕೆ ವಾರಕ್ಕೊಮ್ಮೆ ರೊಟ್ಟಿ ಊಟ ಹಾಕಿದರೆ ಹೇಗೆ, ಒಬ್ಬರಿಗೆ ಇಷ್ಟು ಅಂತ, ಹೈದರಾಬಾದಿನಿಂದ ಜನ ಬರ್ತಾರೆ ಅಂದರು. ನಾನು ಫೋನಿನಲ್ಲೇ ಲೆಕ್ಕ ಹಾಕಿದೆ. ವರ್ಷಕ್ಕೆ ಒಳ್ಳೇ ಕಾಲ ಅಂದರೆ ಹದಿನೈದು ವಾರ. ಖರ್ಚು ಕಳೆದು ಉಳಿಯೋದು ಹಾಳಾದ ಕಡಲೆಯ ನಷ್ಟ ತುಂಬಬಹುದು. ಫೀಯ ಹತ್ತಿರಕ್ಕೂ ಬರಲ್ಲ. ಅದೂ ಜನ ಸುಮ್ಮನೆ ಕೂತರೆ. ಡ್ರೋನ್ ಹಾರಿಸಿ, ಬೈಕಿನಲ್ಲಿ ಅಟ್ಟಿಸಿಕೊಂಡು ಹೋಗಿ ವಿಡಿಯೋ ಮಾಡುವವರು ನಾಲ್ಕು ಜನ ಬಂದರೆ ಎರಡೇ ವಾರದಲ್ಲಿ ಹಿಂಡು ಜಾಗ ಬಿಡುತ್ತೆ. ಕಾಕಾ ಲೆಕ್ಕವನ್ನ ಪೂರ್ತಿ ಕೇಳಿಸಿಕೊಂಡರು. ಬೇಡ ಅನ್ನಲಿಲ್ಲ. “ಕಾಕಿಗಿ ಕೇಳಬೇಕು, ರೊಟ್ಟಿ ಬಡಿಯಾಕಿ ಆಕಿ” ಅಂದರು. ಕಾಕಿ ಒಳಗಿಂದಲೇ ಕೇಳಿದ್ದು, ಎಷ್ಟು ಜನಕ್ಕೆ, ಜೋಳ ಯಾರು ಕೊಡ್ತಾರೆ, ಪಾತ್ರೆ ಯಾರು ತೊಳೀತಾರೆ. ಮೂರೂ ಸರಿಯಾದ ಪ್ರಶ್ನೆ. ಅವಕ್ಕೆ ನಮ್ಮ ಬಳಿ ಉತ್ತರ ಇರಲಿಲ್ಲ.

ಮಂಡಿಗೆ ನೋವಿರುವವರನ್ನ ಹುಲ್ಲುಗಾವಲಿಗೆ ಕರೆದುಕೊಂಡು ಹೋಗೋ ಓದುಗರಿಗೆ ಎರಡು ಮಾತು: ಬೆಳಗ್ಗೆ ಇಬ್ಬನಿಗೆ ಕಲ್ಲು ಜಾರುತ್ತೆ, ಗಟ್ಟಿ ಅಡಿಯ ಬೂಟು ಹಾಕಿಸಿ, ಹುಲ್ಲೊಳಗೆ ಕೂರೋದು ಬೇಡ, ಹಾವಿರ್ತವೆ. ಹೊಲದವರನ್ನ ಕೇಳದೆ ಬದು ಹತ್ತಬೇಡಿ. ತೊಗರಿ ಕಾಯಿ, ಹಸಿ ಕಡಲೆ ಕಿತ್ತು ತಿನ್ನೋದು ಚಂದ ಅನಿಸುತ್ತೆ, ಚಿಗರಿಗೂ ಹಾಗೇ ಅನಿಸುತ್ತೆ. ಕೇಳಿದರೆ ಅವರೇ ಸುಟ್ಟು ಕೊಡ್ತಾರೆ.

ಹೊರಡುವಾಗ ಕಾಕಾ ಸೀತಾಫಲದ ಬುಟ್ಟಿ ಕಾರಿಗಿಟ್ಟರು. ಬೇರೆ ಜಿಲ್ಲೆಗಳಲ್ಲಿ ಸೀಗಿ ಹುಣ್ಣಿಮೆಗೆ ಹೊಲಕ್ಕೆ ಬುತ್ತಿ ಒಯ್ಯುತ್ತಾರೆ. ನಮ್ಮ ಕಡೆ ಎಳ್ಳ ಅಮಾವಾಸ್ಯೆಯೇ ದೊಡ್ಡದು. ಊರಿಗೆ ಊರೇ ಹೊಲದಲ್ಲಿರುತ್ತೆ ಆ ದಿನ, ಹಸಿ ಕಾಳು ತರಕಾರಿ ಎಲ್ಲಾ ಹಾಕಿದ ಭಜ್ಜಿ, ಸಜ್ಜೆ ರೊಟ್ಟಿ, ಗಡಿಗೆಯಲ್ಲಿ ಅಂಬಲಿ. ಪಕ್ಕದ ಹೊಲದವರು, ದಾರಿಯಲ್ಲಿ ಹೋಗುವವರು, ಯಾರು ಬಂದರೂ ಊಟ. ಸಸ್ಯ ಕ್ರೀಡೆ ಅಂತ ಯಾರೂ ಕರೆಯಲ್ಲ.

“ಎಳ್ಳ ಅಮಾಸಿಗಿ ಬರ್ರಿ ಅಕ್ಕೋರ,” ಅಂದರು ಕಾಕಾ. “ಪ್ಲಾಟಿನವನಿಗೂ ಅಮಾಸಿ ಆದ ಮ್ಯಾಲೇ ಬಾ ಅಂದೀನಿ. ಎಲ್ಲಾರೂ ಕುಂತು ಮಾತಾಡಮ್.”

ಕಾರು ಹೆದ್ದಾರಿ ಸೇರೋ ಮುಂಚೆಯೇ ಅತ್ತೆ ಪಂಚಾಂಗ ನೋಡು ಅಂದರು. ಅಮಾವಾಸ್ಯೆಗೂ ಆಪರೇಷನ್ನಿಗೂ ನಡುವೆ ಒಂಬತ್ತು ದಿನ, ಆಪರೇಷನ್ ಮೊದಲು. ಸೋಮವಾರ ಡಾಕ್ಟರಿಗೆ ಫೋನ್ ಮಾಡಿ ದಿನ ಮುಂದಕ್ಕೆ ಹಾಕೋಕಾಗುತ್ತಾ ಕೇಳು ಅಂತ ಮಗನಿಗೆ ಹೇಳಿದರು, ಆಮೇಲೆ ನನ್ನ ಕಡೆ ತಿರುಗಿ, ಬೀರುವಿನ ಮೇಲಿನ ಟ್ರಂಕಿನಲ್ಲಿ ಹಳೇ ಸೀರೆ ಎಂಟೋ ಹತ್ತೋ ಇವೆ, ಬರುವಾಗ ತಗೊಂಡು ಬರೋಣ, ಆ ಇಳಕಲ್ ಸೀರೆ ಬಿಚ್ಚಿಸು ಅಂದರು.